ಈಟಿವಿ ಕನ್ನಡದ ಹಳೇ ಕಾಮಿಡಿ ಸೀರಿಯಲ್ಲು ಈಟಿವಿ ಆ್ಯಪಿನಲ್ಲಿ ಯಾಕಿಲ್ಲ?

ಪ್ರಶ್ನೆ: ಆಯಿಗೆ ಹಳೇ ‘ಸಿಲ್ಲಿ ಲಲ್ಲಿ’ ನೋಡವು ಹೇಳಿ ಆಯ್ದು. ಈಟಿವಿ ಆ್ಯಪ್ ಹಾಕಿ, ದುಡ್ಡೂ ಕಟ್ಟಿ ಆತು. ಎಷ್ಟು ಹುಡ್ಕಿದ್ರೂ ತೆಲುಗೇ ಬರ್ತಾ ಇದ್ದು. ಎಲ್ಲಿ ಸಿಗ್ತು?

ಉತ್ತರ: ಪ್ರಶ್ನೆ ಶಿರಸಿಯಿಂದ ಬಂದರೆ ‘ಸಿಲ್ಲಿ ಲಲ್ಲಿ’, ಕುಮಟಾದಿಂದ ಬಂದರೆ ‘ಪಾಪ ಪಾಂಡು’. ಅಷ್ಟೇ ವ್ಯತ್ಯಾಸ. ಈಟಿವಿ ಆ್ಯಪಿಗೆ ದುಡ್ಡು ಕಟ್ಟಿ ಕೂತಿದ್ದು ಮಾತ್ರ ಎಲ್ಲರದೂ ಒಂದೇ ಕತೆ. ಎಷ್ಟು ಸಲ ಹೇಳಿಯಾಯಿತೋ ಲೆಕ್ಕವಿಲ್ಲ. ಈ ಸಲ ಸ್ವಲ್ಪ ಉದ್ದಕ್ಕೇ ಹೇಳುತ್ತೇನೆ. ಹುಡುಕಬೇಕಾದ್ದು ಜಿಯೋಹಾಟ್‌ಸ್ಟಾರ್‌ನಲ್ಲಿ, ನೀವು ದುಡ್ಡು ಕಟ್ಟಿದ ಈಟಿವಿ ವಿನ್ ಆ್ಯಪಿನಲ್ಲಿ ಅಲ್ಲ.

‘ಈಟಿವಿಯಲ್ಲಿ ಬಂದದ್ದು ಈಟಿವಿ ಆ್ಯಪಲ್ಲೇ ಇರಬೇಕಲ್ಲ’ ಎಂಬ ವಾದ ಕೇಳಲು ಸರಿಯಾಗಿಯೇ ಇದೆ. ತಪ್ಪಿರುವುದು ಹೆಸರಿನಲ್ಲಿ. ಈಟಿವಿ ಕನ್ನಡ ಶುರುವಾದದ್ದು 2000ದ ಡಿಸೆಂಬರಿನಲ್ಲಿ, ಹೈದರಾಬಾದಿನ ರಾಮೋಜಿ ಬಳಗದಿಂದ. ಮುಂದೆ ತೆಲುಗು ಚಾನಲ್ಲುಗಳನ್ನು ಅವರೇ ಇಟ್ಟುಕೊಂಡರು, ಕನ್ನಡ, ಮರಾಠಿ, ಬಂಗಾಳಿ ಮುಂತಾದ ಭಾಷೆಗಳ ಮನರಂಜನಾ ಚಾನಲ್ಲುಗಳು ನೆಟ್‌ವರ್ಕ್18 ಬಳಗದ ಕೈಗೆ ಹೋದವು. 2015ರಲ್ಲಿ ಈಟಿವಿ ಕನ್ನಡ ಅನ್ನುವ ಹೆಸರೇ ಹೋಗಿ ಕಲರ್ಸ್ ಕನ್ನಡ ಆಯಿತು. ಈಗಿನ ಈಟಿವಿ ವಿನ್ ಆ್ಯಪು ತೆಲುಗು ಈಟಿವಿಯವರದ್ದು. ತೋಟ ಮಾರಿದ ಮೇಲೆ ಅಡಿಕೆ ಮರ ಹಳೇ ಯಜಮಾನನ ಬೆನ್ನು ಹಿಡಿದು ಹೋಗುತ್ತದೆಯೇ? ಇದೂ ಹಾಗೆಯೇ.

ಇಷ್ಟು ಹೇಳಿದ ಮೇಲೂ ಮರುಪ್ರಶ್ನೆ ಬರುತ್ತದೆ. ‘ಯೂಟ್ಯೂಬಿನ ಹಳೇ ತುಣುಕಿನ ಮೂಲೆಯಲ್ಲಿ ಈಟಿವಿ ಲೋಗೋ ಇದೆಯಲ್ಲ?’ ಇದೆ ಮಾರಾಯ್ರೆ. ಅದು ಪ್ರಸಾರವಾದ ದಿನ ಯಾವ ಚಾನಲ್ಲಿನಲ್ಲಿತ್ತು ಎಂದು ಹೇಳುತ್ತದೆ, ಇವತ್ತಿನ ಒಡೆಯ ಯಾರು ಎಂದಲ್ಲ. ‘ಆ್ಯಪಿನ ಭಾಷೆ ಬದಲಿಸಿದರೆ ಕನ್ನಡ ಬರಬಹುದಲ್ಲ?’ ಭಾಷೆ ಬದಲಿಸಿದರೆ ಮೆನು ಬದಲಾದೀತು, ಆ್ಯಪಿನೊಳಗೆ ಇಲ್ಲದ ಸೀರಿಯಲ್ಲು ಹುಟ್ಟಿ ಬರುವುದಿಲ್ಲ. ‘ಆಗ ವೂಟ್‌ನಲ್ಲಿ ಕಲರ್ಸ್ ಕನ್ನಡ ನೋಡುತ್ತಿದ್ದೆವಲ್ಲ, ಅದೆಲ್ಲಿ ಹೋಯಿತು?’ ಇದೊಂದು ಒಳ್ಳೆಯ ಪ್ರಶ್ನೆ. 2016ರಲ್ಲಿ ಬಂದ ವೂಟ್ 2023ರ ಆಗಸ್ಟಿನಲ್ಲಿ ಜಿಯೋಸಿನಿಮಾದೊಳಗೆ ಸೇರಿತು. ಜಿಯೋಸಿನಿಮಾ ಮತ್ತು ಡಿಸ್ನಿ ಹಾಟ್‌ಸ್ಟಾರ್ ಒಂದಾಗಿ 2025ರ ಫೆಬ್ರುವರಿ 14ರಂದು ಜಿಯೋಹಾಟ್‌ಸ್ಟಾರ್ ಆಯಿತು. ಹತ್ತು ವರ್ಷವೂ ತುಂಬದೆ ಮೂರು ಹೆಸರು. ಜನ ದಾರಿ ತಪ್ಪಿದ್ದರಲ್ಲಿ ಜನರ ತಪ್ಪೇನೂ ಇಲ್ಲ. ದುಡ್ಡು ಕಟ್ಟುವ ಮೊದಲು ಸರ್ಚ್ ಪಟ್ಟಿ ಒತ್ತಿ ನೋಡದಿರುವುದು ಮಾತ್ರ ನಿಮ್ಮದೇ ತಪ್ಪು. ಹೆಚ್ಚಿನ ಆ್ಯಪುಗಳಲ್ಲಿ ಚಂದಾ ಇಲ್ಲದೆಯೂ ಹುಡುಕಬಹುದು. ಹೆಸರು ಸಿಕ್ಕಿ, ಕಂತಿನ ಪಟ್ಟಿ ಕಂಡ ಮೇಲೆ ದುಡ್ಡಿನ ಮಾತು.

ಹುಡುಕುವುದರಲ್ಲೂ ಒಂದು ಹದ ಇದೆ. ಕನ್ನಡ ಲಿಪಿಯಲ್ಲಿ ಒಮ್ಮೆ, ಇಂಗ್ಲಿಷ್ ಅಕ್ಷರದಲ್ಲಿ ಒಮ್ಮೆ ಬರೆದು ನೋಡಿ. ಇಂಗ್ಲಿಷಿನಲ್ಲಿ ‘ಸಿಲ್ಲಿ’ಯ ಕೊನೆಗೆ ವೈ ಹಾಕುವವರಿದ್ದಾರೆ, ಐ ಹಾಕುವವರೂ ಇದ್ದಾರೆ. ‘ಪಾಪ’ದ ‘ಪಾ’ಕ್ಕೆ ಒಂದು ಎ ಇರಬಹುದು, ಎರಡಿರಬಹುದು. ‘ಪಾಪ’ ಮತ್ತು ‘ಪಾಂಡು’ ಸೇರಿಸಿ ಬರೆದಿರಬಹುದು, ನಡುವೆ ಚುಕ್ಕಿ ಇಟ್ಟಿರಬಹುದು. ಯಾವುದೂ ಆಗದಿದ್ದರೆ ಪೂರ್ತಿ ಹೆಸರು ಬಿಟ್ಟು ‘ಲಲ್ಲಿ’ ಅಥವಾ ‘ಪಾಂಡು’ ಅಷ್ಟೇ ಹಾಕಿ. ಎಲ್ಲಿ ಏನಿದೆ ಎಂದು ಒಂದೇ ಕಡೆ ತೋರಿಸುವ ಜಸ್ಟ್‌ವಾಚ್‌ನಂಥ ತಾಣ ಸಿನಿಮಾಕ್ಕೆ, ಇಂಗ್ಲಿಷ್ ಸೀರಿಯಲ್ಲಿಗೆ ಚೆನ್ನಾಗಿದೆ, ದೇಶ ಭಾರತ ಎಂದು ಇಟ್ಟುಕೊಳ್ಳಬೇಕು ಅಷ್ಟೇ. ಹಳೇ ಕನ್ನಡ ಟಿವಿ ವಿಷಯಕ್ಕೆ ಅದನ್ನು ನೆಚ್ಚಿಕೊಳ್ಳಬೇಡಿ.

ಸಿಕ್ಕಿತು ಎಂದು ಹಿಗ್ಗುವ ಮೊದಲು ಯಾವುದು ಸಿಕ್ಕಿತು ನೋಡಿ. ‘ಪಾಪ ಪಾಂಡು’ 2018ರಲ್ಲಿ ಕಲರ್ಸ್ ಸೂಪರ್‌ನಲ್ಲಿ ಮತ್ತೆ ಬಂತು. ನಟರಾದ ಚಿದಾನಂದ್, ಶಾಲಿನಿ ಹಳೆಯದು, ಹೊಸದು ಎರಡರಲ್ಲೂ ಇರುವುದರಿಂದ ಪೋಸ್ಟರಿನ ಮುಖ ನೋಡಿದರೆ ಗೊತ್ತಾಗುವುದಿಲ್ಲ. ಚಿತ್ರದ ಆಕಾರ ನೋಡಿ. ಹಳೆಯದು ಡಬ್ಬಾ ಟಿವಿಯ ಕಾಲದ್ದು, 4:3 ಅಳತೆ. ಈಗಿನ ಅಗಲ ಟಿವಿಯಲ್ಲಿ ಎಡಕ್ಕೂ ಬಲಕ್ಕೂ ಕಪ್ಪು ಪಟ್ಟಿ ಉಳಿಯುತ್ತದೆ. ಪರದೆ ತುಂಬಿ ಬಂದರೆ ಅದು ಹೊಸದು. ಇಲ್ಲವೇ ಹಳೆಯದನ್ನೇ ಎಳೆದು ಅಗಲ ಮಾಡಿರುತ್ತಾರೆ, ಆಗ ಎಲ್ಲರ ಮುಖವೂ ಗುಂಡಗೆ ಊದಿಕೊಂಡಿರುತ್ತದೆ.

ಎಲ್ಲ ಕಂತೂ ಇರಲೇಬೇಕು ಎಂಬ ಹಟವೂ ಬೇಡ. ಇಪ್ಪತ್ತು ವರ್ಷದ ಹಿಂದಿನ ಕರಾರುಗಳು ಟಿವಿ ಪ್ರಸಾರಕ್ಕೆಂದು ಬರೆದವು. ಹಿನ್ನೆಲೆಯಲ್ಲಿ ಸಿನಿಮಾ ಹಾಡಿನ ಎರಡು ಸಾಲು ಹಾಕಿದ್ದರೂ ಅದರ ಹಕ್ಕು ಬೇರೆಯೇ ಕೇಳಬೇಕು. ಅಮೆರಿಕದಲ್ಲಿ 1978ರಿಂದ 1982ರವರೆಗೆ ಬಂದ ‘ಡಬ್ಲ್ಯುಕೆಆರ್‌ಪಿ ಇನ್ ಸಿನ್ಸಿನಾಟಿ’ ರೇಡಿಯೊ ಸ್ಟೇಷನ್ನಿನ ಕಾಮಿಡಿ, ಹಾಡಿಲ್ಲದೆ ಅದಿಲ್ಲ. ಡಿವಿಡಿ ಮಾಡುವಾಗ ಹಾಡುಗಳ ಹಕ್ಕು ದುಬಾರಿಯಾಗಿ ಎಷ್ಟೋ ಕಡೆ ಬೇರೆ ಸಂಗೀತ ತುರುಕಿದರು. ಅಲ್ಲಿಯದೇ ಈ ಪಾಡಾದರೆ ಇಲ್ಲಿನ ಟೇಪುಗಳ ಗತಿ ಕೇಳಬೇಕೆ?

ಯೂಟ್ಯೂಬಿನಲ್ಲಿ ಹುಡುಕುವುದಾದರೆ ಚಾನಲ್ಲಿನದೋ ನಿರ್ಮಾಪಕರದೋ ಸ್ವಂತ ಖಾತೆ ನೋಡಿಕೊಳ್ಳಿ. ಕದ್ದು ಹಾಕಿದ್ದನ್ನು ಗುರುತಿಸುವುದು ಸುಲಭ. ಯೂಟ್ಯೂಬಿನ ತಪಾಸಣೆ ತಪ್ಪಿಸಲು ಚಿತ್ರವನ್ನು ಕನ್ನಡಿಯಂತೆ ತಿರುಗಿಸಿರುತ್ತಾರೆ, ಗೋಡೆ ಮೇಲಿನ ಕ್ಯಾಲೆಂಡರಿನ ಅಂಕಿಗಳೆಲ್ಲ ಉಲ್ಟಾ. ಧ್ವನಿ ಕೀರಲು. ಅಂಥದ್ದು ಇವತ್ತಿದ್ದರೆ ನಾಳೆ ಇಲ್ಲ.

ಉಳಿದ ಚಾನಲ್ಲುಗಳ ಲೆಕ್ಕ ಸರಳ. ಉದಯದ್ದು ಸನ್ ನೆಕ್ಸ್ಟ್‌ನಲ್ಲಿ, ಜೀ ಕನ್ನಡದ್ದು ಜೀ5ರಲ್ಲಿ, ಸ್ಟಾರ್ ಸುವರ್ಣದ್ದು ಈಗ ಕಲರ್ಸ್ ಜೊತೆಗೇ ಜಿಯೋಹಾಟ್‌ಸ್ಟಾರ್‌ನಲ್ಲಿ. ದೂರದರ್ಶನದ ಹಳೆಯದಕ್ಕೆ ಪ್ರಸಾರ ಭಾರತಿಯ ವೇವ್ಸ್ ಆ್ಯಪ್ ಇದೆ, 2024ರ ನವೆಂಬರಿನಲ್ಲಿ ಬಂದದ್ದು.

ಕಾರವಾರದವರದ್ದು ಬೇರೆಯೇ ಅನುಮಾನ: ಮಾಜಾಳಿ ಹತ್ತಿರ ಮೊಬೈಲು ಗೋವಾ ನೆಟ್‌ವರ್ಕ್ ಹಿಡಿಯುತ್ತದೆ, ಅದಕ್ಕೇ ಕನ್ನಡ ಬರುವುದಿಲ್ಲ ಅಂತ. ಹಾಗೇನಿಲ್ಲ. ಹಕ್ಕು ಕೊಡುವುದು ದೇಶದ ಲೆಕ್ಕದಲ್ಲಿ, ಸಿಮ್ಮು ಯಾವ ರಾಜ್ಯದ ನೆಟ್‌ವರ್ಕ್ ಹಿಡಿಯಿತು ಎಂಬ ಲೆಕ್ಕದಲ್ಲಲ್ಲ. ಪ್ರೊಫೈಲಿನಲ್ಲಿ ಭಾಷೆ ಮರಾಠಿಯೋ ಹಿಂದಿಯೋ ಆಗಿ ಕೂತಿರುತ್ತದೆ, ಅದನ್ನು ನೋಡಿ. ಭಟ್ಕಳದವರು ದುಬೈಯಲ್ಲಿ ಕುಳಿತು ನೆಟ್‌ಫ್ಲಿಕ್ಸ್ ತೆರೆದರೆ ಮಾತ್ರ ಪಟ್ಟಿ ನಿಜಕ್ಕೂ ಬದಲಾಗುತ್ತದೆ.

‘ಫ್ರೆಂಡ್ಸ್’ ಕೇಳುವ ಹುಡುಗರಿಗೆ ಒಂದೇ ಮಾತು. ಅಮೆರಿಕದಲ್ಲೇ ಅದು 2019ರ ಕೊನೆಗೆ ನೆಟ್‌ಫ್ಲಿಕ್ಸ್ ಬಿಟ್ಟು 2020ರ ಮೇನಲ್ಲಿ ಎಚ್‌ಬಿಒ ಮ್ಯಾಕ್ಸ್‌ಗೆ ಹೋಯಿತು, ಯಾಕೆಂದರೆ ಸೀರಿಯಲ್ಲೂ ಆ ಆ್ಯಪೂ ಎರಡೂ ವಾರ್ನರ್ ಅವರ ಸೊತ್ತು. 236 ಕಂತು ಇವೆ. ಹೀಗೆ ಸೀರಿಯಲ್ಲು ಜಾಗ ಬದಲಿಸುವುದರಿಂದ ವರ್ಷದ ಚಂದಾ ಕಟ್ಟುವ ಬದಲು ತಿಂಗಳದ್ದು ಕಟ್ಟಿ ಶುರು ಮಾಡಿ. ನೆಟ್‌ಫ್ಲಿಕ್ಸಿನ 149 ರೂಪಾಯಿಯ ಮೊಬೈಲ್ ಪ್ಲಾನು ಟಿವಿಯಲ್ಲಿ ನಡೆಯುವುದಿಲ್ಲ, ಮೊಬೈಲಿನಿಂದ ಟಿವಿಗೆ ಹಾಯಿಸಲೂ ಬಿಡುವುದಿಲ್ಲ.

ಇನ್ನೊಂದು ಯಾರೂ ನೇರವಾಗಿ ಕೇಳಿಲ್ಲ, ಆದರೆ ಮನಸ್ಸಿನಲ್ಲಿ ಇಟ್ಟುಕೊಂಡು ಗೊಣಗುತ್ತಾರೆ: ಟಿವಿಯಲ್ಲಿ ಅರ್ಧ ಗಂಟೆ ಇದ್ದದ್ದು ಆ್ಯಪಿನಲ್ಲಿ 22 ನಿಮಿಷಕ್ಕೇ ಮುಗಿಯುತ್ತದಲ್ಲ, ಕತ್ತರಿಸಿದ್ದಾರೆಯೇ? ಇಲ್ಲ. ನಿಯಮದ ಪ್ರಕಾರ ಗಂಟೆಗೆ 12 ನಿಮಿಷ ಜಾಹೀರಾತು ಹಾಕಬಹುದು, ಅರ್ಧ ಗಂಟೆಗೆ ಆರು. ಹಿಂದಿನ ಕಂತಿನ ನೆನಪು, ಮುಂದಿನದರ ಇಣುಕು ತೆಗೆದರೆ ಉಳಿಯುವುದೇ ಅಷ್ಟು.

ಈ 22 ನಿಮಿಷ ನೆನಪಿದ್ದರೆ ಡೇಟಾ ಲೆಕ್ಕವೂ ಸುಲಭ. ನೆಟ್‌ಫ್ಲಿಕ್ಸ್ ಕೊಡುವ ಅಂದಾಜಿನಲ್ಲಿ ಕಡಿಮೆ ಗುಣಮಟ್ಟಕ್ಕೆ ಗಂಟೆಗೆ 0.3 ಜಿಬಿ, ಮಧ್ಯಮಕ್ಕೆ 0.7, ಎಚ್‌ಡಿಗೆ 3. ದಿನಕ್ಕೆ 1.5 ಜಿಬಿ ಇರುವವರಿಗೆ ಎಚ್‌ಡಿಯಲ್ಲಿ ಒಂದು ಕಂತು ಮುಗಿದು ಎರಡನೆಯದು ಅರ್ಧ ದಾರಿಯಲ್ಲಿ ನಿಲ್ಲುತ್ತದೆ, ಮಧ್ಯಮದಲ್ಲಿ ಐದು, ಕಡಿಮೆಯಲ್ಲಿ ಹದಿಮೂರು. 4:3ರ ಹಳೇ ಟೇಪಿಗೆ ಎಚ್‌ಡಿ ಇಟ್ಟು ಪ್ರಯೋಜನವೂ ಇಲ್ಲ, ಮೂಲದಲ್ಲೇ ಇಲ್ಲದ ಸ್ಪಷ್ಟತೆ ಎಲ್ಲಿಂದ ಬಂದೀತು?

ಘಟ್ಟದ ಮೇಲಿನ ಮನೆಗಳಲ್ಲಿ ಮಳೆಗಾಲಕ್ಕೆ ಮರ ಬಿದ್ದು ಕರೆಂಟು, ಕೇಬಲ್ಲು ಎರಡೂ ಹೋಗುವುದುಂಟು. ಪೇಟೆಗೆ ಹೋದಾಗ ವೈಫೈ ಸಿಕ್ಕಿದಲ್ಲಿ ಹತ್ತು ಕಂತು ಡೌನ್‌ಲೋಡ್ ಮಾಡಿಟ್ಟುಕೊಳ್ಳಿ. ಅದು ಆ್ಯಪಿನೊಳಗೇ ಇರುತ್ತದೆ, ಗ್ಯಾಲರಿಯಲ್ಲಿ ಕಾಣುವುದಿಲ್ಲ, ಪೆನ್‌ಡ್ರೈವಿಗೆ ಹಾಕಿ ಟಿವಿಗೆ ಚುಚ್ಚಲು ಬರುವುದಿಲ್ಲ. ಡೌನ್‌ಲೋಡಿಗೆ ಅವಧಿಯೂ ಇದೆ. ಕೆಲವು ಕಂತು ಒಮ್ಮೆ ಶುರು ಮಾಡಿದರೆ 48 ಗಂಟೆಯೊಳಗೆ ಮುಗಿಸಬೇಕು. ಆಯಿಗೆ ಮೊಬೈಲು ಕೊಡುವ ಮೊದಲು ಡೌನ್‌ಲೋಡ್ ಪುಟ ತೆರೆದು ಎಷ್ಟು ದಿನ ಉಳಿದಿದೆ ನೋಡಿಕೊಳ್ಳಿ.