ಹಳೆಯ ಫೋಟೋ 'ಸಾರ್ವಜನಿಕ ಸ್ವಾಮ್ಯ'ಕ್ಕೆ ಸೇರುವುದು ಯಾವಾಗ?

ಹಕ್ಕುಸ್ವಾಮ್ಯದ ಅವಧಿ ತೀರಿ, ಯಾರ ಅಪ್ಪಣೆಯೂ ಬೇಡದೆ ಯಾರು ಬೇಕಾದರೂ ಬಳಸಬಹುದಾದ ಸ್ಥಿತಿಗೆ 'ಸಾರ್ವಜನಿಕ ಸ್ವಾಮ್ಯ' ಎನ್ನುತ್ತಾರೆ. ಸರ್ಕಾರದ ಆಸ್ತಿ ಎಂಬ ಅರ್ಥವಲ್ಲ. ಇಲಾಖೆಯ ಫೋಟೋಗೂ ಪ್ರಕಟವಾದ ಮೇಲೆ 60 ವರ್ಷ ಹಕ್ಕಿರುತ್ತದೆ. ಗೂಗಲ್‌ನಲ್ಲಿ ಸಿಕ್ಕಿತು ಅನ್ನುವುದಂತೂ ಲೆಕ್ಕಕ್ಕೇ ಇಲ್ಲ.

ಮೊದಲು ಬೇಕಾದ್ದು ತೆಗೆದ ಇಸವಿ. ಭಾರತದ ಈಗಿನ ಕಾಯ್ದೆ 1957ರದ್ದು, ಜಾರಿಗೆ ಬಂದದ್ದು 1958ರ ಜನವರಿ 21ರಂದು. ಅದಕ್ಕೂ ಹಿಂದಿನ ಫೋಟೋಗಳಿಗೆ ಹಳೆಯ ಕಾನೂನಿನ ಅವಧಿಯೇ ಮುಂದುವರಿಯಿತು: ಮೂಲ ನೆಗೆಟಿವ್ ತಯಾರಾದಾಗಿನಿಂದ 50 ವರ್ಷ. 1957ರಲ್ಲಿ ತೆಗೆದದ್ದೂ 2007 ಮುಗಿಯುವಷ್ಟರಲ್ಲಿ ಮುಕ್ತ.

ಕಗ್ಗಂಟು ಇರುವುದು ಆಮೇಲಿನವುಗಳಲ್ಲಿ. ಫೋಟೋಗಳಿಗೆಂದೇ ಇದ್ದ 25ನೇ ಕಲಂ ಪ್ರಕಟವಾದ ವರ್ಷದಿಂದ ಎಣಿಸುತ್ತಿತ್ತು. 2012ರ ತಿದ್ದುಪಡಿ ಅದನ್ನು ಕಿತ್ತುಹಾಕಿತು. ಈಗ ಛಾಯಾಗ್ರಾಹಕರ ಜೀವಿತಾವಧಿ, ಅದರ ಮೇಲೆ 60 ವರ್ಷ. ಎಣಿಕೆ ಅವರು ತೀರಿಕೊಂಡ ಮರುವರ್ಷದ ಜನವರಿಯಿಂದ. 1962ರ ವಾರಪತ್ರಿಕೆಯಲ್ಲಿ ಬಂದ ಫೋಟೋ, ತೆಗೆದವರು 1970ರಲ್ಲಿ ತೀರಿಕೊಂಡರು ಅನ್ನಿ: 2030ರ ಡಿಸೆಂಬರ್ 31ರವರೆಗೂ ಹಕ್ಕು ಜೀವಂತ. '60 ವರ್ಷ ಆಯ್ತಲ್ಲ' ಎಂದು 2023ರಲ್ಲೇ ಅಚ್ಚು ಹಾಕಿದವರು ಎಡವಿರುವುದು ಇಲ್ಲೇ. ತೆಗೆದವರ ಹೆಸರು ಹಾಕದೆ ಪ್ರಕಟಿಸಿದ್ದು, ಅವರ ಗುರುತೂ ಹೊರಬಿದ್ದಿಲ್ಲ ಎಂದಾದರೆ ಮಾತ್ರ ಪ್ರಕಟಣೆಯಿಂದ 60 ವರ್ಷ.

ಇಸವಿ ಗೊತ್ತಿಲ್ಲವೇ? ಫೋಟೋ ತಿರುಗಿಸಿ. ಸ್ಟುಡಿಯೋ ಮೊಹರಿನ ವಿಳಾಸದಲ್ಲಿ ಆರಂಕಿಯ ಪಿನ್‌ಕೋಡ್ ಇದ್ದರೆ ಆ ಪ್ರಿಂಟ್ 1972ರ ಆಗಸ್ಟ್ ನಂತರದ್ದು. 'ಮೈಸೂರು ರಾಜ್ಯ' ಎಂದಿದ್ದರೆ ಬಹುಶಃ 1973ರ ನವೆಂಬರ್‌ಗೂ ಮೊದಲಿನದು (ಹಳೇ ಮೊಹರನ್ನೇ ಒತ್ತುತ್ತಿದ್ದವರೂ ಇದ್ದರು). ಆದರೆ ಮೊಹರು ಹೇಳುವುದು ಪ್ರಿಂಟಿನ ವಯಸ್ಸು, ನೆಗೆಟಿವ್‌ನದಲ್ಲ. 1950ರ ಅಜ್ಜನ ಫೋಟೋಗೆ 1975ರಲ್ಲಿ ಕಾಪಿ ಹಾಕಿಸಿರಬಹುದು. ಉಟ್ಟ ಬಟ್ಟೆ, ಹಿಂದಿನ ಕಟ್ಟಡ, ಮಡಿಲಲ್ಲಿರುವ ಮಗುವಿನ ವಯಸ್ಸು ಇವನ್ನೂ ತಾಳೆ ನೋಡಬೇಕು.

ಮೊಹರು ಇದೆ ಎಂದ ಮಾತ್ರಕ್ಕೆ ಹಕ್ಕು ಸ್ಟುಡಿಯೋದವರದ್ದೂ ಅಲ್ಲ. ಬೇರೆ ಕರಾರು ಇಲ್ಲದಿದ್ದರೆ, ದುಡ್ಡು ಕೊಟ್ಟು ಮದುವೆ ಫೋಟೋ ತೆಗೆಸಿದವರೇ ಅದರ ಮೊದಲ ಹಕ್ಕುದಾರರು. ವಿಚಿತ್ರವೆಂದರೆ, ಅವಧಿಯನ್ನು ಆಗಲೂ ಎಣಿಸುವುದು ಕ್ಯಾಮೆರಾ ಹಿಡಿದವರ ಸಾವಿನಿಂದ. ಹಕ್ಕು ಒಬ್ಬರದು, ಆಯುಷ್ಯದ ಲೆಕ್ಕ ಇನ್ನೊಬ್ಬರದು.

ಅವಧಿ ಮುಗಿದ ಫೋಟೋವನ್ನು ಇದ್ದದ್ದಿದ್ದಂತೆ ಸ್ಕ್ಯಾನ್ ಮಾಡಿ, ಮೂಲೆಯಲ್ಲಿ ತಮ್ಮ ಹೆಸರು ಒತ್ತಿಕೊಂಡವರಿಗೆ ಅದರಿಂದ ಹೊಸ ಹಕ್ಕೇನೂ ಹುಟ್ಟುವುದಿಲ್ಲ.