ರೆಂಬ್ರಾಂಟ್ ಬರೆದ ಚಿತ್ರಗಳು ಎಷ್ಟು? ಮುಗಿಯದ ಲೆಕ್ಕದ ಹಿನ್ನೆಲೆ

20ನೇ ಶತಮಾನದ ಆರಂಭದಲ್ಲಿ ಡಚ್ ಕಲಾವಿದ ರೆಂಬ್ರಾಂಟ್ ಬರೆದ ತೈಲಚಿತ್ರಗಳ ಪಟ್ಟಿ ಸಾವಿರದ ಹತ್ತಿರಕ್ಕೆ ಹೋಗಿತ್ತು. 1935ರಲ್ಲಿ ಕಲಾ ಇತಿಹಾಸಕಾರ ಅಬ್ರಹಾಂ ಬ್ರೆಡಿಯಸ್ ಒಪ್ಪಿಕೊಂಡದ್ದು ಸುಮಾರು 630. 1969ರಲ್ಲಿ ಮತ್ತೊಬ್ಬ ಇತಿಹಾಸಕಾರ ಹೋರ್ಸ್ಟ್ ಗೆರ್ಸನ್ ಅದೇ ಪಟ್ಟಿಯನ್ನು ಪರಿಷ್ಕರಿಸಿದಾಗ ಉಳಿದದ್ದು 420ರಷ್ಟು. 1980ರ ದಶಕದಲ್ಲಿ ಅದು ಇನ್ನೂ ಕುಗ್ಗಿತು. 2014ರಲ್ಲಿ ಮತ್ತೆ ಸುಮಾರು 340ಕ್ಕೆ ಏರಿತು. ಈ ಏರಿಳಿತಕ್ಕೆ ಖೋಟಾ ಚಿತ್ರಗಳ ಹಾವಳಿಯೇ ಕಾರಣ ಎಂದು ಬಹಳ ಜನ ತಿಳಿದಿದ್ದಾರೆ. ನಿಜವಾದ ಕಾರಣ ಇರುವುದು 17ನೇ ಶತಮಾನದ ಆಮ್‌ಸ್ಟರ್‌ಡ್ಯಾಮಿನಲ್ಲಿ, ಶಿಷ್ಯರು ಕೆಲಸ ಮಾಡುತ್ತಿದ್ದ ರೆಂಬ್ರಾಂಟನ ಮನೆಯ ಅಟ್ಟದಲ್ಲೇ.

1606ರಲ್ಲಿ ಲೈಡನ್ನಿನಲ್ಲಿ ಹುಟ್ಟಿದ ಅವನು 1630ರ ದಶಕದ ಆರಂಭದಲ್ಲಿ ಆಮ್‌ಸ್ಟರ್‌ಡ್ಯಾಮಿಗೆ ಬಂದು, ಚಿತ್ರವ್ಯಾಪಾರಿ ಹೆಂಡ್ರಿಕ್ ಐಲೆನ್‌ಬರ್ಗ್‌ನ ಜೊತೆ ಕೆಲಸಕ್ಕೆ ನಿಂತ. 1639ರಲ್ಲಿ 13,000 ಗಿಲ್ಡರ್‌ಗೆ (ಅಂದಿನ ಡಚ್ ನಾಣ್ಯ) ದೊಡ್ಡ ಮನೆ ಕೊಂಡ. ಆ ಸಾಲವೂ ಸೇರಿ 1656ರಲ್ಲಿ ದಿವಾಳಿಯಾದ. ಈ ನಡುವೆ ಅವನ ಬಳಿ ಕಲಿತವರ ಸಾಲು ದೊಡ್ಡದು: ಗೆರಿಟ್ ದೌ, ಗೋವರ್ಟ್ ಫ್ಲಿಂಕ್, ಫರ್ಡಿನಾಂಡ್ ಬೋಲ್, ಕರೆಲ್ ಫಾಬ್ರಿಟಿಯಸ್, ನಿಕೋಲಾಸ್ ಮಾಸ್, ವಿಲೆಮ್ ಡ್ರೋಸ್ಟ್. ಶುಲ್ಕ ವರ್ಷಕ್ಕೆ 100 ಗಿಲ್ಡರ್. ಲೈಡನ್ ಕಾಲದ ಶಿಷ್ಯ ಇಸಾಕ್ ದೆ ಯೌಡರ್‌ವಿಲ್ ಆರು ತಿಂಗಳಿಗೊಮ್ಮೆ 50 ಗಿಲ್ಡರ್ ಕಟ್ಟಿದ ರಸೀದಿಗಳು ಇಂದಿಗೂ ಇವೆ.

ಶಿಷ್ಯ ಬರೆದದ್ದು ಗುರುವಿನ ಸೊತ್ತು. ಗುರು ಅದನ್ನು ತನ್ನ ಹೆಸರಲ್ಲಿ ಮಾರಬಹುದಿತ್ತು; ಅದರಲ್ಲಿ ಯಾರಿಗೂ ಮೋಸ ಕಾಣುತ್ತಿರಲಿಲ್ಲ. ಒಡವೆಯ ಮೇಲಿನ ಅಂಗಡಿ ಮುದ್ರೆಯಂತೆ ಆ ಸಹಿ: ಕುಸುರಿ ಮಾಡಿದ ಕೈ ಯಾವುದೆಂದು ಅದು ಹೇಳುವುದಿಲ್ಲ. ಬರ್ಲಿನ್ನಿನಲ್ಲಿರುವ ಒಂದು ರೇಖಾಚಿತ್ರದ ಹಿಂಬದಿಯಲ್ಲಿ, ಫರ್ಡಿನಾಂಡನ ಕೆಲಸ ಮಾರಿದೆ, ಶಿಷ್ಯ ಲೀಂಡರ್ಟನ 'ಫ್ಲೋರಾ' ಮಾರಿದೆ ಎಂದು ರೆಂಬ್ರಾಂಟ್ ಬರೆದಿಟ್ಟ ಲೆಕ್ಕವಿದೆ. ಮ್ಯೂನಿಕ್‌ನ 'ಇಸಾಕನ ಬಲಿ' ಚಿತ್ರದ ಮೇಲಂತೂ 'ರೆಂಬ್ರಾಂಟ್ ಬದಲಿಸಿ ಮೇಲೆ ಬಣ್ಣ ಹಚ್ಚಿದ್ದು, 1636' ಎಂಬರ್ಥದ ಬರಹವೇ ಇದೆ. ದಿವಾಳಿಯ ಸಮಯದಲ್ಲಿ ಅಧಿಕಾರಿಗಳು ಮನೆಯ ವಸ್ತುಗಳನ್ನು 363 ನಮೂದುಗಳಲ್ಲಿ ಪಟ್ಟಿ ಮಾಡಿದರು. ಅದರಲ್ಲೂ 'ರೆಂಬ್ರಾಂಟ್ ತಿದ್ದಿದ್ದು' ಎಂಬ ಚಿತ್ರಗಳಿವೆ. ಹೀಗೆ ಪೂರ್ತಿ ಅವನದು, ಅವನು ತಿದ್ದಿದ್ದು, ಅವನದನ್ನು ನೋಡಿ ಶಿಷ್ಯರು ಬರೆದದ್ದು ಎಲ್ಲವೂ ಒಂದೇ ಬಾಗಿಲಿನಿಂದ ಹೊರಬಂದವು.

ಮುಂದಿನ ಇನ್ನೂರು ವರ್ಷ ಈ ಭೇದಗಳನ್ನು ಅಳಿಸಿಹಾಕಿದವು. ಚಿತ್ರಗಳು ಅರಮನೆಯಿಂದ ಹರಾಜಿಗೆ, ಹರಾಜಿನಿಂದ ಅಮೆರಿಕದ ಶ್ರೀಮಂತರ ಮನೆಗಳಿಗೆ ಹೋದವು. ದಾರಿಯಲ್ಲಿ ಕೆಲವಕ್ಕೆ ಹೊಸ ಸಹಿ ಬಿತ್ತು, ಮೂಲದ ಮೇಲೆ ಪದರ ಪದರವಾಗಿ ವಾರ್ನಿಷ್ ಕೂತಿತು.

1968ರಲ್ಲಿ ನೆದರ್‌ಲ್ಯಾಂಡ್ಸ್‌ನಲ್ಲಿ 'ರೆಂಬ್ರಾಂಟ್ ಸಂಶೋಧನಾ ಯೋಜನೆ' ಹುಟ್ಟಿದ್ದು ಈ ಗೊಂದಲ ಬಿಡಿಸಲು. ವಿದ್ವಾಂಸರು ಇಬ್ಬಿಬ್ಬರಾಗಿ ಊರೂರು ಸುತ್ತಿ, ಚಿತ್ರಗಳನ್ನು ಎದುರಿಗಿಟ್ಟುಕೊಂಡು ಅಂಗುಲ ಅಂಗುಲ ಪರೀಕ್ಷಿಸಿದರು. 1982, 1986, 1989ರಲ್ಲಿ ಬಂದ ಮೂರು ಸಂಪುಟಗಳು 1642ರವರೆಗಿನ ಚಿತ್ರಗಳನ್ನು ಮೂರು ವರ್ಗ ಮಾಡಿದವು: ಎ ಎಂದರೆ ರೆಂಬ್ರಾಂಟನದು, ಬಿ ಎಂದರೆ ಹೇಳಲಾಗದು, ಸಿ ಎಂದರೆ ಅಲ್ಲ. ಅಷ್ಟು ಶ್ರದ್ಧೆಯ ಕೆಲಸ ಅದಕ್ಕೆ ಮೊದಲು ನಡೆದಿರಲಿಲ್ಲ. ಆದರೆ ಗುರುಶಿಷ್ಯರು ಒಂದೇ ಬಟ್ಟೆಯ ಮೇಲೆ ಕುಂಚ ಆಡಿಸಿದ ಚಿತ್ರಕ್ಕೆ ಈ ಮೂರರಲ್ಲಿ ಸರಿಯಾದ ಜಾಗವಿರಲಿಲ್ಲ. ಬಿ ವರ್ಗದಲ್ಲಿ ಬೆರಳೆಣಿಕೆಯ ಚಿತ್ರಗಳಷ್ಟೇ ಉಳಿದವು, ಸಿ ಬೆಳೆಯಿತು.

ವಿಜ್ಞಾನ ಇದನ್ನು ಬಗೆಹರಿಸುತ್ತದೆ ಎಂಬ ನಿರೀಕ್ಷೆಯಿತ್ತು. ಅದು ಏನು ಮಾಡಬಲ್ಲದು, ಎಲ್ಲಿ ನಿಲ್ಲುತ್ತದೆ ಎಂಬುದನ್ನು ಬಿಡಿಸಿ ನೋಡಬೇಕು.

ಮೊದಲು ಹಲಗೆ. ರೆಂಬ್ರಾಂಟನ ಮರದ ಚಿತ್ರಗಳು ಹೆಚ್ಚಾಗಿ ಬಾಲ್ಟಿಕ್ ಕಡೆಯ ಓಕ್ ಮೇಲಿವೆ. ಹಲಗೆಯ ಅಂಚಿನಲ್ಲಿ ವಾರ್ಷಿಕ ಉಂಗುರಗಳ ಅಗಲ ಅಳೆದು, ತಿಳಿದಿರುವ ಸರಣಿಗೆ ಹೊಂದಿಸಿದರೆ ಕೊನೆಯ ಉಂಗುರದ ವರ್ಷ ಸಿಗುತ್ತದೆ. ಬಡಗಿಗಳು ತೊಗಟೆಯ ಕೆಳಗಿನ ಮೆತ್ತನೆಯ ಬಿಳಿಮರ ಕೆತ್ತಿ ತೆಗೆದು ಒಳಗಿನ ಗಟ್ಟಿ ಚೇಗನ್ನು ಮಾತ್ರ ಬಳಸುತ್ತಿದ್ದರು. ಹಾಗಾಗಿ ಸುಮಾರು 15 ಉಂಗುರ ಸೇರಿಸಿ, ಮರ ಒಣಗಿದ ಕಾಲವನ್ನೂ ಕೂಡಿಸಬೇಕು. ಬರುವ ಉತ್ತರ ಒಂದೇ: ಈ ವರ್ಷಕ್ಕಿಂತ ಮೊದಲು ಈ ಹಲಗೆಯ ಮೇಲೆ ಬರೆದಿರುವುದು ಅಸಂಭವ. ಬರೆದವರು ಯಾರೆಂದು ಮರ ಹೇಳದು.

ಆಮೇಲೆ ಪ್ರೈಮರ್, ಅಂದರೆ ಚಿತ್ರ ಬರೆಯುವ ಮೊದಲು ಬಳಿಯುವ ತಳದ ಲೇಪ. ಕ್ಯಾನ್ವಾಸ್ ಮೇಲೆ ಆ ಕಾಲದ ವಾಡಿಕೆ ಎರಡು ಪದರ: ಕೆಳಗೆ ಕೆಮ್ಮಣ್ಣು, ಮೇಲೆ ಸೀಸದ ಬಿಳಿಗೆ ಕಪ್ಪು ಬೆರೆಸಿದ ಬೂದು. 1642ರ 'ರಾತ್ರಿ ಪಹರೆ' ಚಿತ್ರದಲ್ಲಿ ಮಾತ್ರ ಬೇರೆ ಲೇಪ ಸಿಕ್ಕಿತು: ನುಣ್ಣಗಿನ ಕ್ವಾರ್ಟ್ಜ್ ಮರಳು, ಜೇಡಿಮಣ್ಣು, ಎಣ್ಣೆ. ಅಗ್ಗವಾದ ಲೇಪ, ದೊಡ್ಡ ಬಟ್ಟೆಗೆ ಅನುಕೂಲ. ವಿಜ್ಞಾನಿ ಕರಿನ್ ಗ್ರೂನ್ ಅವರ ಅಧ್ಯಯನದಲ್ಲಿ ನಂತರದ ರೆಂಬ್ರಾಂಟ್ ಕ್ಯಾನ್ವಾಸ್‌ಗಳ ಅರ್ಧದಷ್ಟರಲ್ಲಿ ಅದು ಕಂಡಿತು, ಬೇರೆ ಕಲಾವಿದರಲ್ಲಿ ಕಾಣಲಿಲ್ಲ. ಇದು ದೊಡ್ಡ ಸಾಕ್ಷ್ಯ. ಆದರೆ ಚಿತ್ರ ಆ ಮನೆಯದು ಎಂದಷ್ಟೇ ಅದು ಹೇಳುತ್ತದೆ. ಅದೇ ಬಟ್ಟೆಯ ತುಂಡನ್ನು ಶಿಷ್ಯನೂ ಬಳಸಿರಬಹುದು.

ಎಕ್ಸ್‌ರೇಯಲ್ಲಿ ಸೀಸದ ಬಿಳಿ ಬೆಳ್ಳಗೆ ಮೂಡುತ್ತದೆ. ಒಳಗಿನ ತಿದ್ದುಪಡಿ ಹೊರಬೀಳುತ್ತದೆ. ರೆಂಬ್ರಾಂಟ್ ಹಿಂದಿನಿಂದ ಮುಂದಕ್ಕೆ ಬರೆಯುತ್ತಿದ್ದ: ಮೊದಲು ಹಿನ್ನೆಲೆ, ವ್ಯಕ್ತಿಗಳಿಗೆ ಬಿಟ್ಟ ಜಾಗ, ಕೊನೆಗೆ ವ್ಯಕ್ತಿಗಳು. ಬಿಟ್ಟ ಜಾಗಕ್ಕೂ ಕೊನೆಯ ಅಂಚಿಗೂ ಹೊಂದದಿದ್ದರೆ ಬರೆಯುತ್ತಾ ಮನಸ್ಸು ಬದಲಾಗಿದೆ ಎಂದರ್ಥ. ಎಲ್ಲವೂ ಕರಾರುವಾಕ್ಕಾಗಿ ಕೂತಿದ್ದರೆ ನಕಲಿನ ಅನುಮಾನ. ಆದರೂ ಪ್ರತಿಭಾವಂತ ಶಿಷ್ಯ ಸ್ವತಂತ್ರವಾಗಿ ಬರೆದರೆ ಅಲ್ಲೂ ಮನಸ್ಸು ಬದಲಾದ ಗುರುತಿರುತ್ತದೆ. ಹಿಂಬದಿಗೆ ಸೀಸದ ಬಣ್ಣ ಬಳಿದಿದ್ದರೆ ಎಕ್ಸ್‌ರೇಯೇ ಮಸುಕಾಗುತ್ತದೆ.

ಈ ಪರೀಕ್ಷೆಗಳು ಒಂದು ಅನಿರೀಕ್ಷಿತ ಸಂಗತಿ ತೋರಿಸಿದವು: ಅನುಮಾನದ ಚಿತ್ರಗಳಲ್ಲಿ ಬಹುಪಾಲು 17ನೇ ಶತಮಾನದವೇ, ಅನೇಕವು ಆ ಕಾರ್ಯಾಗಾರದವೇ. ಉಳಿದ ತೀರ್ಮಾನವೆಲ್ಲ ಕಣ್ಣಿನ ಮೇಲೆ, ಶೈಲಿಯ ಮೇಲೆ ನಿಂತಿತು. ಶೈಲಿಯ ವಾದದಲ್ಲಿ ಒಂದು ಅಪಾಯವಿದೆ. ಕಲಾವಿದ ಹೀಗೇ ಬರೆಯುತ್ತಾನೆ ಎಂಬ ಚೌಕಟ್ಟು ಹಾಕಿಕೊಂಡರೆ, ಅವನು ಮಾಡಿದ ಪ್ರಯೋಗಗಳೇ ಮೊದಲು ಹೊರಬೀಳುತ್ತವೆ. ಮೂವತ್ತು ವರ್ಷಗಳಲ್ಲಿ ನುಣುಪು ಮೇಲ್ಮೈಯಿಂದ ದಪ್ಪ ಗಾರೆಯಂಥ ಬಣ್ಣದವರೆಗೆ ಬಂದವನಿಗೆ ಒಂದೇ ಚೌಕಟ್ಟು ಸಾಲುವುದು ಹೇಗೆ?

1980ರ ದಶಕದ ಮಧ್ಯದಲ್ಲಿ ಬರ್ಲಿನ್ನಿನ 'ಚಿನ್ನದ ಶಿರಸ್ತ್ರಾಣದ ಮನುಷ್ಯ' ರೆಂಬ್ರಾಂಟನದಲ್ಲ ಎಂದಾಯಿತು. ನ್ಯೂಯಾರ್ಕಿನ ಫ್ರಿಕ್ ಸಂಗ್ರಹದ 'ಪೋಲಿಷ್ ಸವಾರ' ಶಿಷ್ಯ ಡ್ರೋಸ್ಟ್‌ನದಿರಬಹುದು ಎಂಬ ಮಾತು 1984ರಲ್ಲಿ ಬಂದು ಕೋಲಾಹಲವಾಯಿತು. ಸಂಗ್ರಹಾಲಯ ಹೆಸರು ಬದಲಿಸಲಿಲ್ಲ, ಆ ಚಿತ್ರ ಈಗ ಮತ್ತೆ ಪಟ್ಟಿಯಲ್ಲಿದೆ. ಯೋಜನೆಯ ಒಳಗೂ ವಿಧಾನದ ಬಗ್ಗೆ ಒಮ್ಮತ ಉಳಿಯಲಿಲ್ಲ. 1993ರಲ್ಲಿ ನಾಲ್ವರು ಹಿರಿಯರು ಹೊರನಡೆದರು. ಯೋಜನೆಯ ಇನ್ನೊಬ್ಬ ಸದಸ್ಯ ಎರ್ನ್ಸ್ಟ್ ಫಾನ್ ಡೆ ವೆಟರಿಂಗ್ ಮುಂದುವರಿಸಿ, ಎಬಿಸಿ ವರ್ಗೀಕರಣ ಕೈಬಿಟ್ಟು, 2014ರ ಕೊನೆಯ ಸಂಪುಟದಲ್ಲಿ ಅನೇಕ ಚಿತ್ರಗಳನ್ನು ರೆಂಬ್ರಾಂಟನಿಗೆ ಮರಳಿಸಿದರು. ಅವರ ತೀರ್ಪುಗಳನ್ನೂ ಎಲ್ಲರೂ ಒಪ್ಪಿಲ್ಲ.

ಹೇಗ್‌ನ ಮೌರಿತ್ಸ್‌ಹೌಸ್ ಸಂಗ್ರಹಾಲಯದಲ್ಲಿರುವ, ಬೈಬಲ್ ಕಥೆಯ 'ಸೌಲ ಮತ್ತು ದಾವೀದ' ಈ ಇಡೀ ಇತಿಹಾಸವನ್ನು ಮೈಮೇಲೆ ಹೊತ್ತಿದೆ. ಬ್ರೆಡಿಯಸ್ 1898ರಲ್ಲಿ ಕೊಂಡ ಚಿತ್ರ. ಗೆರ್ಸನ್ 1969ರಲ್ಲಿ ಅದನ್ನು ತಿರಸ್ಕರಿಸಿದರು. ಎಂಟು ವರ್ಷಗಳ ಪರೀಕ್ಷೆಯ ನಂತರ ಗೊತ್ತಾಯಿತು: 19ನೇ ಶತಮಾನದಲ್ಲಿ ಯಾರೋ ಸೌಲ, ದಾವೀದ ಇಬ್ಬರನ್ನೂ ಕತ್ತರಿಸಿ ಬೇರ್ಪಡಿಸಿದ್ದರು, ಆಮೇಲೆ ಮತ್ತೆ ಜೋಡಿಸಿದ್ದರು. ಈಗಿರುವುದು 15 ತುಂಡುಗಳ ಜೋಡಣೆ. ನಡುವಿನ ಪರದೆಗೆ ಬಳಸಿದ್ದು ಸ್ಮಾಲ್ಟ್, ಅಂದರೆ ಕೋಬಾಲ್ಟ್ ಬೆರೆತ ನೀಲಿ ಗಾಜಿನ ಪುಡಿ. ಎಣ್ಣೆಯಲ್ಲಿ ಅದರ ಪೊಟ್ಯಾಸಿಯಂ ಸೋರಿ ನೀಲಿ ಹೋಗಿ ಬೂದುಗಂದು ಉಳಿಯುತ್ತದೆ. ಅದರ ಮೇಲೆ ಯಾರೋ ಗಾಢ ಬಣ್ಣವನ್ನೂ ಬಳಿದಿದ್ದರು. ಎಕ್ಸ್‌ರೇ ಪ್ರತಿದೀಪ್ತಿಯಿಂದ (ಎಕ್ಸ್‌ರೇ ಬಿದ್ದಾಗ ಧಾತುಗಳು ಸೂಸುವ ಕಿರಣದಿಂದ) ಕೋಬಾಲ್ಟ್ ಎಲ್ಲೆಲ್ಲಿದೆ ಎಂದು ನಕ್ಷೆ ತೆಗೆದಾಗ ಪರದೆ ಮತ್ತೆ ಕಂಡಿತು. ಶೈಲಿ ಒಪ್ಪುವುದಿಲ್ಲ ಎಂದು ತಿರಸ್ಕರಿಸಿದ ಚಿತ್ರದಲ್ಲಿ ಶೈಲಿ ನೋಡುವಷ್ಟು ಮೂಲಬಣ್ಣವೇ ಕಾಣುತ್ತಿರಲಿಲ್ಲ. 2015ರಲ್ಲಿ ಸಂಗ್ರಹಾಲಯ ಅದನ್ನು ರೆಂಬ್ರಾಂಟನದೆಂದು ಘೋಷಿಸಿತು, ಎರಡು ಹಂತಗಳಲ್ಲಿ ಬರೆದದ್ದು ಎಂಬ ವಿವರಣೆಯೊಂದಿಗೆ. ಹರಿದದ್ದು, ಬಣ್ಣ ಹೋದದ್ದು, ತಿದ್ದಿದ್ದು ಎಲ್ಲವನ್ನೂ ಮೊದಲು ತೂಗಿ ಆಮೇಲೆ ಹೆಸರು ಹೇಳುವ ಈ ಕ್ರಮ ಇಪ್ಪತ್ತು ವರ್ಷ ಮೊದಲೇ ರೂಢಿಗೆ ಬರಬೇಕಿತ್ತು.

ಈ ನಡುವೆ ಮಾರುಕಟ್ಟೆ ಕಾಯುತ್ತಾ ಕೂರುವುದಿಲ್ಲ. 2021ರಲ್ಲಿ ಒಂದು ಪುಟ್ಟ 'ರಾಜರ ಆರಾಧನೆ' ಚಿತ್ರ 'ರೆಂಬ್ರಾಂಟ್ ವಲಯ' ಎಂಬ ಶೀರ್ಷಿಕೆಯಲ್ಲಿ 10ರಿಂದ 15 ಸಾವಿರ ಯೂರೊ ಅಂದಾಜಿನೊಂದಿಗೆ ಹರಾಜಿಗೆ ಬಂದು 8,60,000 ಯೂರೊಗೆ ಹೋಯಿತು. ಎರಡು ವರ್ಷಗಳ ನಂತರ ಅದೇ ಚಿತ್ರ ರೆಂಬ್ರಾಂಟನದೆಂದು ಲಂಡನ್ನಿನಲ್ಲಿ ಸುಮಾರು 1.1 ಕೋಟಿ ಪೌಂಡ್‌ಗೆ ಮಾರಾಟವಾಯಿತು. ಇಷ್ಟು ದುಡ್ಡು ಒಂದು ಹೆಸರಿನ ಮೇಲೆ ನಿಂತಿರುವಾಗ 'ಭಾಗಶಃ ಅವನದು' ಎಂಬ ಉತ್ತರ ಯಾರಿಗೂ ಬೇಕಿಲ್ಲ. ಆದರೆ ಆ ಅಟ್ಟದಿಂದ ಹೊರಬಂದ ಎಷ್ಟೋ ಚಿತ್ರಗಳಿಗೆ ಸಲ್ಲುವ ಉತ್ತರ ಅದೇ.