14-0 ಎಲ್ಲಿಂದ ಬಂತು? ಡಿವಿಷನ್ 3 ಫುಟ್‌ಬಾಲ್ ಸೀಸನ್ ಓದುವ ಲೆಕ್ಕ

ಅಮೆರಿಕದ ಕಾಲೇಜು ಕ್ರೀಡೆಯನ್ನು ನಡೆಸುವ ಎನ್‌ಸಿಎಎಯಲ್ಲಿ ಮೂರು ಡಿವಿಷನ್‌ಗಳಿವೆ. ಸಣ್ಣ ಕಾಲೇಜುಗಳು ಹೆಚ್ಚಾಗಿ ಇರುವುದು ಮೂರನೆಯದರಲ್ಲಿ. ಅಲ್ಲಿ ಆಟದ ಹೆಸರಿನಲ್ಲಿ ಸ್ಕಾಲರ್‌ಶಿಪ್ ಕೊಡುವಂತಿಲ್ಲ. ಇಲ್ಲಿ ಫುಟ್‌ಬಾಲ್ ಅಂದರೆ ಅಮೆರಿಕನ್ ಫುಟ್‌ಬಾಲ್, ಚೆಂಡನ್ನು ಕೈಯಲ್ಲಿ ಹಿಡಿದು ಓಡುವ ಆಟ. ಉದಾಹರಣೆಗೆ 2003ರ ಸೀಸನ್ ತೆಗೆದುಕೊಳ್ಳೋಣ. ಆ ವರ್ಷ ಮಿನೆಸೋಟಾ ರಾಜ್ಯದ ಕಾಲೇಜ್‌ವಿಲ್‌ನ ಸೇಂಟ್ ಜಾನ್ಸ್ ಚಾಂಪಿಯನ್. ದಾಖಲೆ 14-0.

ಅಡ್ಡಗೆರೆಯ ಎರಡು ಅರ್ಥ

14-0 ಅಂದರೆ 14 ಗೆಲುವು, ಸೋಲು ಇಲ್ಲ. ಆದರೆ ಅದೇ ಪುಟದಲ್ಲಿ 24-6 ಅಂತಲೂ ಇರುತ್ತದೆ. ಅದು ಫೈನಲ್‌ನ ಅಂಕ. ತಂಡದ ಹೆಸರಿನ ಪಕ್ಕ ಇದ್ದರೆ ದಾಖಲೆ, ಎರಡು ತಂಡಗಳ ನಡುವೆ ಇದ್ದರೆ ಅಂಕ. ಮೂರನೇ ಸಂಖ್ಯೆ ಕಂಡರೆ ಅದು ಸಮಬಲ. ಸೇಂಟ್ ಜಾನ್ಸ್‌ನ ಆಗಿನ ಕೋಚ್ ಜಾನ್ ಗಾಲ್ಯಾರ್ಡಿಯವರ ಒಟ್ಟು ದಾಖಲೆ 489-138-11. ಕಾಲೇಜು ಫುಟ್‌ಬಾಲ್‌ನಲ್ಲಿ 1996ರಿಂದ ಸಮಬಲ ಇಲ್ಲವಾದ್ದರಿಂದ ಈಚಿನ ಸೀಸನ್‌ಗಳಲ್ಲಿ ಆ ಮೂರನೆಯದು ಕಾಣುವುದಿಲ್ಲ.

ಎಡವುವ ಜಾಗ: ಬೈ

ಇಲ್ಲಿ ನಿಧಾನಿಸಬೇಕು. ಕ್ರಿಕೆಟ್ ನೋಡಿ ಬೆಳೆದವರಿಗೆ ಬೈ ಅಂದರೆ ಬ್ಯಾಟಿಗೆ ತಾಗದೆ ಬಂದ ರನ್. ಇಲ್ಲಿ ಅದಲ್ಲ. ಅದೂ ಸಾಲದೆಂಬಂತೆ ಇಲ್ಲಿ ಎರಡು ಬಗೆಯ ಬೈ ಇದೆ. ಲೀಗ್ ಹಂತದಲ್ಲಿ ಸಾಮಾನ್ಯವಾಗಿ 11 ವಾರ, 10 ಪಂದ್ಯ. ಉಳಿದ ಒಂದು ವಾರ ಬಿಡುವು, ಅದನ್ನೂ ಬೈ ಅನ್ನುತ್ತಾರೆ. ಅದರಿಂದ ದಾಖಲೆಯಲ್ಲಿ ಏನೂ ಬದಲಾಗುವುದಿಲ್ಲ. ಪ್ಲೇಆಫ್‌ನ ಬೈ ಬೇರೆ: ಮೊದಲ ಸುತ್ತು ಆಡದೆಯೇ ನೇರ ಎರಡನೇ ಸುತ್ತಿಗೆ ಹೋಗುವುದು. ಅದು ಗೆಲುವಾಗಿ ಲೆಕ್ಕಕ್ಕೆ ಬರುವುದಿಲ್ಲ. ತಪ್ಪು ಆಗುವುದೇ ಇಲ್ಲಿ.

2003ರಲ್ಲಿ ಪ್ಲೇಆಫ್‌ಗೆ 28 ತಂಡ. ನಾಕೌಟ್ ಸರಿಯಾಗಿ ಕೂಡಬೇಕಾದರೆ 2, 4, 8, 16, 32, 64 ಹೀಗೆ ಇಮ್ಮಡಿಯ ಸಂಖ್ಯೆ ಬೇಕು. 28ರ ಮೇಲಿನ ಇಮ್ಮಡಿ 32. 32ರಲ್ಲಿ 28 ಕಳೆದರೆ 4, ಅಂದರೆ ನಾಲ್ಕು ಬೈ. ಉಳಿದ 24 ತಂಡಗಳು 12 ಪಂದ್ಯ ಆಡುತ್ತವೆ. ಗೆದ್ದ 12, ಬೈ ಸಿಕ್ಕ 4, ಸೇರಿ 16. ಅಲ್ಲಿಂದ ನಾಲ್ಕು ಸುತ್ತು. ಬೈ ಸಿಕ್ಕ ಸೇಂಟ್ ಜಾನ್ಸ್‌ಗೆ 10 + 4 = 14. ಬೈ ಸಿಗದ ತಂಡ ಚಾಂಪಿಯನ್ ಆಗಿದ್ದರೆ 15 ಪಂದ್ಯ ಆಡಬೇಕಿತ್ತು.

ಸುಲಭೋಪಾಯ: ಚಾಂಪಿಯನ್ ಆಡಿದ ಪಂದ್ಯಗಳಲ್ಲಿ 10 ಕಳೆಯಿರಿ, ಎಷ್ಟು ಸುತ್ತು ಆಡಿದರೆಂದು ಸಿಗುತ್ತದೆ. ಆದರೆ ಬೈ ಇತ್ತೇ ಎಂದು ಹೇಳಲು ಆ ವರ್ಷದ ತಂಡಗಳ ಸಂಖ್ಯೆ ಗೊತ್ತಿರಲೇಬೇಕು. 1998ರಲ್ಲಿ ಓಹಾಯೊದ ಮೌಂಟ್ ಯೂನಿಯನ್ ಕೂಡ 14-0. ಆಗ ಪ್ಲೇಆಫ್‌ಗೆ 16 ತಂಡ ಮಾತ್ರ, ಬೈ ಯಾರಿಗೂ ಇರಲಿಲ್ಲ. ಅಂಕಿ ಒಂದೇ, ಒಳಗಿನ ಲೆಕ್ಕ ಬೇರೆ.

ಲೆಕ್ಕ ಸರಿಯೇ ಎಂದು ನೋಡುವುದು

ಇದಕ್ಕೆ ಮೌಂಟ್ ಯೂನಿಯನ್‌ಗಿಂತ ಒಳ್ಳೆಯ ಉದಾಹರಣೆ ಇಲ್ಲ. 1996, 97, 98ರಲ್ಲಿ ತಲಾ 14 ಗೆಲುವು: 42. 1999ರಲ್ಲಿ ಪ್ಲೇಆಫ್ 28 ತಂಡಗಳಿಗೆ ಬೆಳೆಯಿತು. ಲೀಗ್‌ನ 10, ಬೈ ನಂತರದ ಎರಡು ಸುತ್ತು, ಒಟ್ಟು 12 ಗೆದ್ದು ಸೆಮಿಫೈನಲ್‌ನಲ್ಲಿ ರೋವನ್ ತಂಡಕ್ಕೆ ಸೋತರು. 42 + 12 = 54, ಅದು ಸತತ ಗೆಲುವಿನ ಮೊದಲ ಸರಣಿ. ಮತ್ತೆ 2000, 2001, 2002ರಲ್ಲಿ ತಲಾ 14, 2003ರಲ್ಲಿ ಫೈನಲ್ ತನಕ 13: ಒಟ್ಟು 55. 110 ಪಂದ್ಯದಲ್ಲಿ ಒಂದೇ ಸೋಲು! ವರ್ಜೀನಿಯಾದ ಸೇಲಂನಲ್ಲಿ, ಸ್ಟ್ಯಾಗ್ ಬೌಲ್ ಎಂದು ಕರೆಯುವ ಆ ಫೈನಲ್‌ನಲ್ಲಿ, ಸೇಂಟ್ ಜಾನ್ಸ್ ಮುರಿದದ್ದು ಈ ಸರಣಿಯನ್ನು. ಈ 55ನ್ನು ಬಿಟ್ಟು ನೋಡಿದರೆ 24-6ರ ತೂಕ ತಿಳಿಯುವುದಿಲ್ಲ.

ಗಾಲ್ಯಾರ್ಡಿ ಅಭ್ಯಾಸ

14 ಪಂದ್ಯ ಆಡಿದ ಆ ತಂಡದ ಅಭ್ಯಾಸ ಹೇಗಿತ್ತು, ಚಿಕ್ಕದಾಗಿ. ಅಭ್ಯಾಸ 90 ನಿಮಿಷ ಮೀರುತ್ತಿರಲಿಲ್ಲ. ಶಿಳ್ಳೆ ಇರಲಿಲ್ಲ, ಆಟಗಾರರು ಗಾಲ್ಯಾರ್ಡಿಯವರನ್ನು ಕರೆಯುತ್ತಿದ್ದುದು ಜಾನ್ ಎಂದೇ, ಕೋಚ್ ಎಂದಲ್ಲ. ಮುಖ್ಯವಾದದ್ದು, ಟ್ಯಾಕಲ್ (ಚೆಂಡು ಹಿಡಿದವನನ್ನು ಹಿಡಿದು ಕೆಡವುವುದು) ಇರಲಿಲ್ಲ. ಚೆಂಡು ಹಿಡಿದವನು ಸಂದಿಯಲ್ಲಿ ನುಗ್ಗುತ್ತಿದ್ದ. ಡಿಫೆನ್ಸ್‌ನವನು ಸರಿಯಾದ ಕೋನದಲ್ಲಿ ಅವನೆದುರು ಬಂದು ನಿಂತರೆ ಆಯಿತು, ಕೆಡವುತ್ತಿರಲಿಲ್ಲ. ಕಲಿಯಬೇಕಿದ್ದುದು ಎಲ್ಲಿಗೆ, ಯಾವಾಗ ತಲುಪಬೇಕು ಎಂಬುದನ್ನು. ಕೆಡವುವ ಕೆಲಸ ಶನಿವಾರದ ಪಂದ್ಯಕ್ಕೆ. ಅಭ್ಯಾಸದಲ್ಲೇ ಮೊಣಕಾಲು ಕೆಡಿಸಿಕೊಂಡವನು ಪಂದ್ಯಕ್ಕೆ ಸಿಗುವುದಿಲ್ಲ. ಸೀಸನ್ ಡಿಸೆಂಬರ್‌ವರೆಗೆ ಎಳೆದಾಗ ಇದರ ಬೆಲೆ ಗೊತ್ತಾಗುತ್ತದೆ. 2003ರ ಇದೇ ಸೀಸನ್‌ನಲ್ಲಿ, ನವೆಂಬರ್ 8ರಂದು, ಬೆಥೆಲ್ ವಿರುದ್ಧ 29-26ರಿಂದ ಗೆದ್ದು ಗಾಲ್ಯಾರ್ಡಿ 409ನೇ ಗೆಲುವು ಪಡೆದು ಗ್ರ್ಯಾಂಬ್ಲಿಂಗ್ ಕಾಲೇಜಿನ ಕೋಚ್ ಎಡ್ಡಿ ರಾಬಿನ್‌ಸನ್‌ರ 408ನ್ನು ದಾಟಿದರು.

ಈಗಿನ ಲೆಕ್ಕ

2005ರಿಂದ 32 ತಂಡ: ಬೈ ಇಲ್ಲ, ಐದು ಸುತ್ತು. 2024ರಿಂದ 40. ಇಲ್ಲಿ 32ರಿಂದ ಕಳೆಯಲು ಹೋಗಬೇಡಿ. 40ರ ಮೇಲಿನ ಇಮ್ಮಡಿ 64. 64 − 40 = 24 ಬೈ. 16 ತಂಡ 8 ಪಂದ್ಯ ಆಡುತ್ತವೆ, 8 + 24 = 32, ಆಮೇಲೆ ಐದು ಸುತ್ತು. 2024ರ ಚಾಂಪಿಯನ್ ನಾರ್ತ್ ಸೆಂಟ್ರಲ್ 15-0. ಅವರಿಗೆ ಬೈ ಇತ್ತೋ ಇಲ್ಲವೋ, ಮೇಲಿನ ಲೆಕ್ಕದಿಂದಲೇ ಹೇಳಿ ನೋಡಿ.